ತಾತ ಎಂದು ಕರೆಯುವುದೇ ಪ್ರಾರ್ಥನೆ

ಅಮೆರಿಕದ ಆದಿವಾಸಿಗಳಾದ ಲಕೋಟರ ಭಾಷೆಯಲ್ಲಿ ‘ಚೇಕಿಯ’ ಎಂಬ ಕ್ರಿಯಾಪದವಿದೆ. ದೇವರನ್ನು ಪ್ರಾರ್ಥಿಸುವುದಕ್ಕೂ ಅದೇ ಪದ, ಎದುರಿಗಿದ್ದವರನ್ನು ಅಣ್ಣ, ಅತ್ತೆ, ತಾತ ಎಂದು ನಂಟು ಹಚ್ಚಿ ಮಾತಾಡಿಸುವುದಕ್ಕೂ ಅದೇ. ಈ ಎರಡರ್ಥವನ್ನು ಹೊರಗಿನವರಿಗೆ ಬಿಡಿಸಿ ಹೇಳಿದವರಲ್ಲಿ ಮುಖ್ಯರು ಎಲಾ ಡೆಲೋರಿಯಾ. 1889ರಲ್ಲಿ ಹುಟ್ಟಿದ ಆಕೆ ಪಾದ್ರಿಯ ಮಗಳು. ಸ್ಟ್ಯಾಂಡಿಂಗ್ ರಾಕ್ ಮೀಸಲು ಪ್ರದೇಶದಲ್ಲಿ ಬೆಳೆದು, ಮುಂದೆ ಮಾನವಶಾಸ್ತ್ರಜ್ಞ ಫ್ರಾಂಜ್ ಬೋಆಸ್ ಜೊತೆ ಸೇರಿ 1941ರಲ್ಲಿ ತನ್ನ ಜನರ ನುಡಿಗೆ ವ್ಯಾಕರಣ ಬರೆದರು.

ಆ ನಂಟು ಎಷ್ಟು ದೂರ ಹೋಗುತ್ತದೆಂದು ತಿಳಿಯಲು ‘ಚನುಂಪ’ ಎಂಬ ಹೊಗೆ ಸೇದುವ ಕೊಳವೆಗೆ ಸೊಪ್ಪು ತುಂಬುವುದನ್ನು ನೋಡಬೇಕು. ಅದರ ಬುರುಡೆ ಮಿನ್ನೆಸೋಟದ ಪೈಪ್‌ಸ್ಟೋನ್ ಗಣಿಯ ಕೆಂಪು ಕಲ್ಲಿನದು, ಕಾಂಡ ಮರದ್ದು. ತುಂಬುವುದು ಬರೀ ಹೊಗೆಸೊಪ್ಪಲ್ಲ. ‘ಕೆಂಪು ವಿಲೋ’ ಎನ್ನುವ ಪೊದೆಯ ಒಳತೊಗಟೆಯನ್ನು ಹೆರೆದು ಒಣಗಿಸಿದ ಪುಡಿಯೂ ಇರುತ್ತದೆ. ಪಡುವಣಕ್ಕೊಂದು ಚಿಟಿಕೆ, ಬಡಗಣಕ್ಕೊಂದು, ಮೂಡಣ, ತೆಂಕಣ, ಆಮೇಲೆ ಆಕಾಶ, ಕೊನೆಗೆ ನೆಲ. ಒಂದೊಂದು ಚಿಟಿಕೆಯೂ ಒಬ್ಬೊಬ್ಬರನ್ನು ಕರೆದಂತೆ. ಈ ಕೊಳವೆಯನ್ನು ತಂದುಕೊಟ್ಟವಳು ಬಿಳಿ ಕಾಡೆಮ್ಮೆಗರುವಿನ ಹೆಣ್ಣು ಎಂಬುದು ಅವರ ಪುರಾಣ. ಆ ಮೂಲ ಕೊಳವೆ ದಕ್ಷಿಣ ಡಕೋಟದ ಗ್ರೀನ್ ಗ್ರಾಸ್ ಎಂಬ ಊರಿನಲ್ಲಿದೆ. ಅದನ್ನು ಕಾಯುವ ಹೊಣೆ ಒಂದೇ ಮನೆತನದಲ್ಲಿ ತಲೆಮಾರಿನಿಂದ ತಲೆಮಾರಿಗೆ ಇಳಿದು ಬಂದಿದೆ.

ಪ್ರಾರ್ಥನೆ ಮುಗಿಯುವುದು ಎರಡೇ ಪದದಲ್ಲಿ: ‘ಮಿತಾಕುಯೆ ಒಯಾಸಿನ್’, ಅಂದರೆ ‘ನನ್ನ ನಂಟರೆಲ್ಲ’. ಆ ‘ಎಲ್ಲ’ದೊಳಗೆ ಕಲ್ಲೂ ಇದೆ, ಕಾಡೆಮ್ಮೆಯೂ ಇದೆ. ವ್ಯಾಕರಣವೂ ಇಲ್ಲಿ ತಲೆಬಾಗುತ್ತದೆ. ಗಂಡಸು ಅಪ್ಪಣೆ ಕೊಡುವಾಗ ವಾಕ್ಯದ ತುದಿಗೆ ‘ಯೊ’ ಸೇರಿಸುತ್ತಾನೆ. ಪ್ರಾರ್ಥನೆಗೆ ನಿಂತಾಗ ಆ ಗತ್ತು ಬಿಟ್ಟು ‘ಯೆ’ ಎನ್ನುತ್ತಾನೆ. ‘ಉನ್ಶಿಮಲ ಯೆ’, ನನ್ನ ಮೇಲೆ ಕನಿಕರವಿಡು.

ಮಿಷನರಿಗಳು ಬೈಬಲ್ ಅನುವಾದಿಸುವಾಗ ದೇವರಿಗೆ ಹುಡುಕಿಕೊಂಡ ಪದ ‘ವಕನ್ ತಂಕ’. ತಂಕ ಎಂದರೆ ದೊಡ್ಡದು. ವಕನ್ ಅಷ್ಟು ಸುಲಭವಲ್ಲ. ಕುದುರೆ ‘ಶುಂಕ ವಕನ್’, ಅಂದರೆ ವಕನ್ ನಾಯಿ. ಬಂದೂಕು ವಕನ್ ಕಬ್ಬಿಣ, ವಿಸ್ಕಿ ವಕನ್ ನೀರು. ‘ಪವಿತ್ರ’ ಎಂದು ಅನುವಾದಿಸಿದರೆ ವಿಸ್ಕಿ ತೀರ್ಥವಾಗಿಬಿಡುತ್ತದೆ! ಬಗೆಹರಿಯದ ಬಲ ಎನ್ನುವುದೇ ವಾಸಿ. ಲಕೋಟರ ಪೈನ್ ರಿಜ್ ಮೀಸಲು ಪ್ರದೇಶದಲ್ಲಿ 1896ರಿಂದ 1914ರವರೆಗೆ ವೈದ್ಯನಾಗಿದ್ದ ಜೇಮ್ಸ್ ವಾಕರ್‌ಗೆ ಅಲ್ಲಿನ ಹಿರಿಯರು ಹೇಳಿದ ಲೆಕ್ಕವೇ ಬೇರೆ: ವಕನ್ ತಂಕ ನಾಲ್ಕು ನಾಲ್ಕಲ ಹದಿನಾರು, ಆದರೂ ಒಂದೇ.

ಪ್ರಾರ್ಥನೆಯಲ್ಲಿ ಅದನ್ನು ‘ತುಂಕಾಶಿಲ’ ಎಂದು ಕರೆಯುತ್ತಾರೆ. ತಾತ ಎಂದರ್ಥ. ಅಮೆರಿಕದ ಅಧ್ಯಕ್ಷನಿಗೂ ಲಕೋಟರು ಕೊಟ್ಟ ಹೆಸರು ಅದೇ. ಹೆಸರಿಟ್ಟು ಕರೆದ ಮೇಲೆ ತಾತನೂ ತಾತನಂತೆ ನಡೆಯಬೇಕಲ್ಲ. ಈ ತಾತ ನಡೆಯಲಿಲ್ಲ. 1868ರ ಫೋರ್ಟ್ ಲಾರಮಿ ಒಪ್ಪಂದದಲ್ಲಿ ಬ್ಲ್ಯಾಕ್ ಹಿಲ್ಸ್ ಬೆಟ್ಟಗಳನ್ನು ಅವರಿಗೇ ಬಿಟ್ಟುಕೊಟ್ಟ ಸರ್ಕಾರ, 1874ರಲ್ಲಿ ಅಲ್ಲಿ ಚಿನ್ನ ಕಂಡ ಮೇಲೆ 1877ರಲ್ಲಿ ಕಿತ್ತುಕೊಂಡಿತು. ಸರ್ಕಾರದ 1883ರ ನಿಯಮಾವಳಿ ಸೂರ್ಯನೃತ್ಯವೆಂಬ ಆಚರಣೆಯನ್ನೂ ಮಂತ್ರವೈದ್ಯರ ಕಸುಬನ್ನೂ ಅಪರಾಧದ ಪಟ್ಟಿಗೆ ಸೇರಿಸಿತು. ತಪ್ಪಿದರೆ ಪಡಿತರ ಬಂದ್, ಇಲ್ಲವೇ ಸೆರೆ. ಕಾಡೆಮ್ಮೆಯ ಹಿಂಡುಗಳು ಕರಗಿ, ಸರ್ಕಾರದ ಪಡಿತರದಲ್ಲೇ ಹೊಟ್ಟೆ ಹೊರೆಯುತ್ತಿದ್ದವರಿಗೆ ಇದು ಎಂಥ ಶಿಕ್ಷೆಯೆಂದು ಬೇರೆ ಹೇಳಬೇಕಿಲ್ಲ.

ಮಕ್ಕಳ ನಾಲಿಗೆಗೆ ಬೀಗ ಬಿದ್ದದ್ದು ದೂರದ ಪೆನ್ಸಿಲ್ವೇನಿಯದ ಕಾರ್ಲೈಲ್ ವಸತಿ ಶಾಲೆಯಲ್ಲಿ. 1879ರಲ್ಲಿ ಅಲ್ಲಿಗೆ ಹೋದ ಮೊದಲ ತಂಡದ ಹುಡುಗನೊಬ್ಬನ ಕೈಗೆ ಕೋಲು ಕೊಟ್ಟು, ಕಪ್ಪುಹಲಗೆಯ ಮೇಲಿದ್ದ ಬಿಳಿಯರ ಹೆಸರುಗಳಲ್ಲಿ ಒಂದನ್ನು ಮುಟ್ಟಲು ಹೇಳಿದರು. ಆ ಗೀಚು ಏನೆಂದು ಅವನಿಗೆ ಓದಲು ಬಾರದು. ಮುಟ್ಟಿದ, ಲೂಥರ್ ಆದ. ಮುಂದೆ ಪುಸ್ತಕಗಳನ್ನು ಬರೆದು ಹೆಸರಾದ ಲೂಥರ್ ಸ್ಟ್ಯಾಂಡಿಂಗ್ ಬೇರ್ ಈತನೇ.

ಆದರೆ ಕಥೆ ಇಷ್ಟು ನೇರವಾಗಿಲ್ಲ. ಪೈನ್ ರಿಜ್‌ನಲ್ಲಿ ಸರ್ಕಾರದ ಇಂಡಿಯನ್ ಪೊಲೀಸ್ ಪಡೆಯ ಕ್ಯಾಪ್ಟನ್ ಆಗಿದ್ದ ಜಾರ್ಜ್ ಸೋರ್ಡ್, ಚರ್ಚಿನ ಸೇವಕನೂ ಆಗಿದ್ದವನು, ವಾಕರ್‌ಗಾಗಿ ಹಳೆಯ ಆಚರಣೆಗಳನ್ನೆಲ್ಲ ಲಕೋಟ ಭಾಷೆಯಲ್ಲೇ ಬರೆದಿಟ್ಟ. ಜೆಸ್ಯೂಟ್ ಪಾದ್ರಿ ಯೂಜೀನ್ ಬ್ಯೂಖೆಲ್ 1927ರಲ್ಲಿ ಲಕೋಟ ಪ್ರಾರ್ಥನಾ ಪುಸ್ತಕ ತಂದ. ಆತ ಕಲೆಹಾಕಿದ ಪದಗಳು 1970ರಲ್ಲಿ ನಿಘಂಟಾದವು. ಶಾಲೆ ಅಟ್ಟಿದ ಭಾಷೆಗೆ ಇಗರ್ಜಿಯ ಬೆಂಚಿನಲ್ಲಿ ಜಾಗ ಸಿಕ್ಕಿತ್ತು. ದರ್ಶನ ಕಂಡವನೆಂದು ಜಗತ್ತು ಬಲ್ಲ ಬ್ಲ್ಯಾಕ್ ಎಲ್ಕ್ ಕೂಡ 1904ರಲ್ಲಿ ದೀಕ್ಷೆ ಪಡೆದು, ನಿಕೋಲಸ್ ಎಂಬ ಹೆಸರಿನಲ್ಲಿ ವರ್ಷಗಟ್ಟಲೆ ಕ್ಯಾಥೊಲಿಕ್ ಬೋಧಕನಾಗಿದ್ದ.

1975ರ ಸೆಪ್ಟೆಂಬರ್ 5ರಂದು ಪೈನ್ ರಿಜ್‌ನ ಹಿರಿಯ ಫ್ರಾಂಕ್ ಫೂಲ್ಸ್ ಕ್ರೋ ವಾಷಿಂಗ್ಟನ್ನಿನ ಸೆನೆಟ್‌ನಲ್ಲಿ ಕಲಾಪದ ಆರಂಭದ ಪ್ರಾರ್ಥನೆ ಸಲ್ಲಿಸಿದ. ಆದಿವಾಸಿಗಳ ಧರ್ಮಾಚರಣೆಗೆ ರಕ್ಷಣೆ ಕೊಡುವ ಕಾಯ್ದೆ ಬರಲು ಇನ್ನೂ ಮೂರು ವರ್ಷ ಬೇಕಿತ್ತು. 1980ರಲ್ಲಿ ಸುಪ್ರೀಂ ಕೋರ್ಟ್ ಬ್ಲ್ಯಾಕ್ ಹಿಲ್ಸ್‌ಗೆ 10 ಕೋಟಿ ಡಾಲರಿಗೂ ಮಿಗಿಲಾದ ಪರಿಹಾರವನ್ನು ಎತ್ತಿಹಿಡಿಯಿತು. ಲಕೋಟರು ಅದನ್ನು ಮುಟ್ಟಲಿಲ್ಲ. ಭೂಮಿಯನ್ನು ಅವರು ಕರೆಯುವುದು ‘ಉನ್ಚಿ ಮಕ’ ಎಂದು. ಉನ್ಚಿ ಎಂದರೆ ಅಜ್ಜಿ.