ಹುಳಿ ಬಂದದ್ದು ಯಾರ ತಪ್ಪು?

ನಮ್ಮ ಮನ್ಯಾಗ ಮೊಸರು ಕೆಟ್ರ, ದ್ವಾಸಿ ಹಿಟ್ಟು ನಾತ ಹೊಡದ್ರ, ಅಜ್ಜಿ ಮೊದ್ಲ ನೋಡತಿದ್ದದ್ದು ಸೊಸ್ತೇರ ಮಾರಿ. "ಹೊರಗಾದಾಗ ಮುಟ್ಟೀರೇನು? ಕೈಗುಣಾನ ಸರಿ ಇಲ್ಲ" ಅಂತಿದ್ಲು. ನಮ್ಮವ್ವ ಈ ಮಾತು ಭಾಳ ಸಲ ನುಂಗಿಕೊಂಡಾಳ.

1856ರಾಗ ಫ್ರಾನ್ಸಿನ ಲಿಲ್ ಊರಾಗೂ ಹಿಂಗ ಒಂದು ತಕರಾರು ಬಂತು. ಬೀಟ್‌ರೂಟ್ ರಸ ಹುದುಗಿಸಿ ಮದ್ಯಸಾರ ಮಾಡತಿದ್ದ ಒಬ್ಬರ ಕೆಲವು ತೊಟ್ಟಿ ಸುಮ್ಮಸುಮ್ಮನ ಹುಳಿ ಆಗಾಕ ಹತ್ತಿದ್ವು. ಅವರು ಹೋಗಿ ಕೇಳಿದ್ದು ತಮ್ಮ ಮಗನ ಮಾಸ್ತರನ್ನ, ಲೂಯಿ ಪಾಶ್ಚರ್ ಅವರನ್ನ.

ಪಾಶ್ಚರ್ ಎರಡೂ ರಸದ ಹನಿ ಸೂಕ್ಷ್ಮದರ್ಶಕದಾಗ ನೋಡಿದ್ರು. ಚಲೋ ರಸದಾಗ ದುಂಡನ್ನ ಯೀಸ್ಟ್ ಕಣ, ಕೆಟ್ಟದ್ರಾಗ ಸಣ್ಣ ಕಡ್ಡಿಯಂಥಾ ಜೀವಿ. ಯೀಸ್ಟ್ ಸಕ್ಕರಿ ತಿಂದು ಮದ್ಯಸಾರ ಮಾಡ್ತದ, ಕಡ್ಡಿಯಂಥಾವು ಅದ ಸಕ್ಕರಿಯಿಂದ ಲ್ಯಾಕ್ಟಿಕ್ ಆಮ್ಲ ಮಾಡ್ತಾವ. ಮಜಾ ಅಂದ್ರ, ನಮ್ಮ ಮೊಸರಿನ ಹೆಪ್ಪಿನ್ಯಾಗ ಇರೂದೂ ಇದ ಆಮ್ಲ ಮಾಡೋ ಬಳಗ. ಅಲ್ಲೆ ಕಳ್ಳ ಆದದ್ದು ನಮ್ಮನ್ಯಾಗ ಬೀಗ!

ಮುಂದ 1860ರ ದಶಕದಾಗ, ವೈನ್ ಕೆಡೂದೂ ಇಂಥಾ ಜೀವಿಗಳಿಂದನ ಅಂತ ತೋರಿಸಿ, ಅದನ್ನ 50–60 ಡಿಗ್ರಿಗೆ ಬಿಸಿ ಮಾಡಿ ಉಳಿಸೋ ದಾರಿ ಹೇಳಿದ್ರು. ಹಾಲಿನ ಪಾಕೀಟಿನ ಮ್ಯಾಲೆ 'ಪಾಶ್ಚರೀಕರಿಸಿದ' ಅಂತ ಇರ್ತದಲ್ಲ, ಅದು ಅವರದ ಹೆಸರು.

ಅಜ್ಜಿಗೆ ಇದನ್ನ ಹೇಳಾಕ ಆಗಲಿಲ್ಲ, ಆಕಿ ಹೋಗ್ಯಾಳ. ಅವ್ವಗ ಹೇಳ್ದೆ. ಸುಮ್ಮನ ಕೇಳಿ, "ಹಂಗಾದ್ರ ಭಾಂಡೆ ಬಿಸಿನೀರಾಗ ತೊಳಿಬೇಕಿತ್ತು, ನನ್ನ ಬೈಬಾರ್ದಿತ್ತು" ಅಂದ್ಲು.