ಟಿಪ್ಪುವಿನ ಪಂಚಾಂಗ

ಟೋಲ್ಕೀನ್ ಓದಿದವರಿಗೆ ಗೊತ್ತಿರುತ್ತೆ. 'ಲಾರ್ಡ್ ಆಫ್ ದಿ ರಿಂಗ್ಸ್' ಕಥೆಯೆಲ್ಲಾ ಮುಗಿದ ಮೇಲೆ ಅನುಬಂಧಗಳು ಬರುತ್ತವೆ, ಅದರಲ್ಲಿ ಒಂದು ಪೂರ್ತಿ ಕ್ಯಾಲೆಂಡರ್ ಬಗ್ಗೆ. ಹಾಬಿಟ್‌ಗಳಿಗೆ ಮೂವತ್ತು ಮೂವತ್ತು ದಿನದ ಹನ್ನೆರಡು ತಿಂಗಳು, ಜೊತೆಗೆ ಯಾವ ತಿಂಗಳಿಗೂ ಸೇರದ ಕೆಲವು ದಿನ. ಕೂತು ಕಾಲವನ್ನೇ ಹೊಸದಾಗಿ ಎಣಿಸೋ ಈ ಹುಚ್ಚು ಕಾದಂಬರಿಕಾರರಿಗೆ ಮಾತ್ರ ಅಂದುಕೊಂಡಿದ್ದೀರಾ? ನಮ್ಮ ಮಾಲೂರನ್ನು ಆಳಿದ ಟಿಪ್ಪು ಸುಲ್ತಾನನಿಗೂ ಅದು ಇತ್ತು. ಒಂದೇ ವ್ಯತ್ಯಾಸ, ಹಾಬಿಟ್‌ಗಳು ಅದನ್ನ ನೋಡಿ ಕಂದಾಯ ಕಟ್ಟಬೇಕಾಗಿರಲಿಲ್ಲ :-)

ಟಿಪ್ಪು ನಮಗೆ ದೂರದವನೇನಲ್ಲ. ಅವನ ಅಪ್ಪ ಹೈದರ್ ಹುಟ್ಟಿದ್ದು ಇಲ್ಲೇ ಬೂದಿಕೋಟೆಯಲ್ಲಿ. ತಾತ ಫತೇ ಮಹಮ್ಮದನ ಸಮಾಧಿ ಕೋಲಾರದ ಮಕ್ಬರಾದಲ್ಲಿದೆ. 1782ರ ಕೊನೆಯಲ್ಲಿ ಹೈದರ್ ತೀರಿಕೊಂಡು ಟಿಪ್ಪು ಪಟ್ಟಕ್ಕೆ ಬಂದ. 1784ರ ಸುಮಾರಿಗೆ ಹೊಸ ಕಾಲಗಣನೆ ಶುರುವಾಯ್ತು.

ಹಿಜರಿ ವರ್ಷ ಪೂರ್ತಿ ಚಂದ್ರನ ಲೆಕ್ಕ, 354 ದಿನ. ಸೂರ್ಯನಿಗಿಂತ ವರ್ಷಕ್ಕೆ 11 ದಿನ ಹಿಂದೆ ಬೀಳುತ್ತೆ, ಮೂರು ವರ್ಷಕ್ಕೆ ಸುಮಾರು ಒಂದು ತಿಂಗಳು. ಹಬ್ಬಕ್ಕೆ ಅದರಿಂದ ತೊಂದರೆಯಿಲ್ಲ. ಆದರೆ ನಮ್ಮ ಕಡೆ ರಾಗಿ ಹಿಜರಿ ನೋಡಿಕೊಂಡು ತೆನೆ ಬಿಡಲ್ಲವಲ್ಲ! ಮಳೆ ನೋಡಿ ಬಿತ್ತನೆ, ಕಾರ್ತೀಕ ಮಾರ್ಗಶಿರದಲ್ಲಿ ಕೊಯ್ಲು. ಇದು ಟಿಪ್ಪು ಒಬ್ಬನ ತಲೆನೋವಲ್ಲ. ಮೊಗಲರಿಗೂ ಇದ್ದದ್ದೇ. ಅದಕ್ಕೇ ಕಂದಾಯಕ್ಕೆ ಫಸಲಿ ವರ್ಷ ಬಂತು, ಅಕ್ಬರ್ 1584ರಲ್ಲಿ ಇಲಾಹಿ ಶಕೆ ತಂದ.

ಟಿಪ್ಪು ಮಾಡಿದ್ದೇನು ಅಂದರೆ, ಊರಲ್ಲಿ ಆಗಲೇ ಇದ್ದ ಪಂಚಾಂಗವನ್ನೇ ಎತ್ತಿಕೊಂಡ. ವರ್ಷ ಶುರುವಾಗೋದು ಚೈತ್ರಕ್ಕೆ. ತಿಂಗಳು ಹನ್ನೆರಡು. ಪ್ರಭವ, ವಿಭವ ಅಂತ ನಾವು ಎಣಿಸೋ 60 ಸಂವತ್ಸರದ ಚಕ್ರವೂ ಹಾಗೇ ಉಳೀತು. ಬದಲಾದದ್ದು ಹೆಸರುಗಳು. ಆ ಹೆಸರಿಟ್ಟ ರೀತಿ ನೋಡಿದಾಗ ನನ್ನೊಳಗಿನ ಸಾಫ್ಟ್‌ವೇರ್ ಪ್ರಾಣಿಗೆ ಖುಷಿಯೋ ಖುಷಿ.

ಕರ್ನಾಟಕ ಸಂಗೀತ ಕಲಿತವರಿಗೆ ಕಟಪಯಾದಿ ಗೊತ್ತು, ಮೇಳಕರ್ತ ರಾಗದ ಹೆಸರಿನ ಅಕ್ಷರದಲ್ಲೇ ಅದರ ನಂಬರ್ ಅಡಗಿರುತ್ತೆ. ಅರಬ್ಬಿಯಲ್ಲಿ ಅಂಥದ್ದೇ ಒಂದು 'ಅಬ್ಜದ್' ಪದ್ಧತಿ ಇದೆ. ಅಲಿಫ್‌ಗೆ 1, ಬೇಗೆ 2, ಜೀಮ್‌ಗೆ 3, ದಾಲ್‌ಗೆ 4, ಹೀಗೆ. ಟಿಪ್ಪುವಿನ ತಿಂಗಳುಗಳ ಮೊದಲಕ್ಷರವೇ ಅದು ಎಷ್ಟನೇ ತಿಂಗಳು ಅಂತ ಹೇಳುತ್ತೆ: ಅಹ್ಮದಿ 1, ಬಹಾರಿ 2, ಜಾಫರಿ 3... ಸಂವತ್ಸರದ ಹೆಸರಿನಲ್ಲಾದರೆ ಎಲ್ಲಾ ಅಕ್ಷರ ಕೂಡಬೇಕು. 1786ರ ಪರಾಭವ ನಮ್ಮ ಚಕ್ರದಲ್ಲಿ 40ನೆಯದು. ಟಿಪ್ಪು ಅದಕ್ಕಿಟ್ಟ ಹೆಸರು 'ದಲ್ವ್'. ದಾಲ್ 4, ಲಾಮ್ 30, ವಾವ್ 6. ಕೂಡಿ ನೋಡಿ, 40!

ಇಲ್ಲಿಗೆ ನಿಲ್ಲಿಸಿದ್ದರೆ ಚೆನ್ನಾಗಿತ್ತು. 1787ರಲ್ಲಿ ದೊರೆ ವರ್ಶನ್ 2 ಬಿಡುಗಡೆ ಮಾಡಿದ. ಅಬ್ಜದ್ ಕ್ರಮ ಬಿಟ್ಟು ಮಕ್ಕಳು ಅಕ್ಷರಮಾಲೆ ಕಲಿಯೋ ಕ್ರಮಕ್ಕೇ ಬೆಲೆ ಕೊಟ್ಟ: ಅಲಿಫ್ 1, ಬೇ 2, ತೇ 3, ಸೇ 4, ಜೀಮ್ 5, ಹೇ 6... ಹತ್ತರ ನಂತರ 20, 30, 40. ಲೆಕ್ಕ ಇದರಲ್ಲೂ ಕೂದಲೆಳೆ ತಪ್ಪಲ್ಲ. ನಮ್ಮ 45ನೆಯ ವಿರೋಧಿಕೃತು ಅವನಿಗೆ 'ಜಬರ್ಜದ್', ಅಂದರೆ ಒಂದು ಹಸಿರು ಹರಳು. 20+2+10+5+8, ಸರಿಯಾಗಿ 45. 49ನೆಯ ರಾಕ್ಷಸ ಸಂವತ್ಸರಕ್ಕೆ 'ಶಾದ್', ಸಂತೋಷ! 43ನೆಯ ಸೌಮ್ಯ ಪಾಪ 'ಸರಾಬ್' ಆಯ್ತು, ಬಿಸಿಲ್ಗುದುರೆ.

ಆದರೆ ತಿಂಗಳ ಕಥೆ ಕೇಳಿ. ಹಳೆ ಕ್ರಮದಲ್ಲಿ 'ಹೈದರಿ' ಎಂಟನೆಯ ತಿಂಗಳು, ಅಂದರೆ ಕಾರ್ತೀಕ. ಹೊಸ ಕ್ರಮದಲ್ಲಿ ಅದೇ ಹೈದರಿ ಆರನೆಯದು, ಭಾದ್ರಪದ. ಮೂರನೆಯದಾಗಿದ್ದ ಜಾಫರಿ ಐದಕ್ಕೆ ಹೋಯ್ತು. ಹೆಸರು ಅದೇ, ಅರ್ಥ ಬೇರೆ. ನಮ್ಮ ಕೆಲಸದಲ್ಲಿ ಯಾರಾದರೂ ಹೀಗೆ ಮಾಡಿದರೆ ಇಡೀ ತಂಡ ರಾತ್ರಿಯೆಲ್ಲಾ ಕೂರಬೇಕಾಗುತ್ತೆ. 1787ರ ಒಬ್ಬ ಶಾನುಭೋಗರನ್ನ ಊಹಿಸಿಕೊಳ್ಳಿ. ಮೇಲಿನ ಕಚೇರಿಯಿಂದ 'ಹೈದರಿ ತಿಂಗಳ ಕಂತು' ಅಂತ ಹುಕುಂ ಬಂದಿದೆ. ಕಾರ್ತೀಕವಾದರೆ ರಾಗಿ ಕೊಯ್ಲಿಗೆ ಬಂದಿರುತ್ತೆ. ಭಾದ್ರಪದವಾದರೆ ಹೊಲದಲ್ಲಿ ಇನ್ನೂ ಹಸಿರು ಪೈರು, ರೈತ ಎಲ್ಲಿಂದ ತಂದು ಕೊಡಬೇಕು?

ಶಕೆಯನ್ನೂ ಆಗಲೇ ಬದಲಾಯಿಸಿದ. ದಲ್ವ್ ವರ್ಷದ ನಾಣ್ಯದ ಮೇಲೆ ಹಿಜರಿ 1200 ಅಂತಿದೆ, ಮರುವರ್ಷದ 'ಶಾ' ನಾಣ್ಯದ ಮೇಲೆ 1215! ಪ್ರವಾದಿಯವರ ವಲಸೆಯ ಬದಲು ಹುಟ್ಟಿನಿಂದ ಎಣಿಸುವ 'ಮೌಲೂದಿ' ಶಕೆ ಅದು. ಇನ್ನೊಂದು ಚೇಷ್ಟೆ ನೋಡಿ. ಅರಬ್ಬಿ ಲಿಪಿ ಬಲದಿಂದ ಎಡಕ್ಕೆ, ಆದರೆ ಅಂಕಿ ಮಾತ್ರ ನಮ್ಮಂತೆ ಎಡದಿಂದ ಬಲಕ್ಕೆ. ಮೌಲೂದಿ ನಾಣ್ಯಗಳಲ್ಲಿ ಅಂಕಿಯನ್ನೂ ಬಲದಿಂದಲೇ ಓದಬೇಕು. ಗೊತ್ತಿಲ್ಲದವರು ಓದಿದರೆ 1215 ಹೋಗಿ 5121 ಆಗುತ್ತೆ. ಲಿಟಲ್ ಎಂಡಿಯನ್ ದೊರೆ!

ಕಾಲವನ್ನೇ ತಿದ್ದುವ ಆಸೆ ಆಗ ಗಾಳಿಯಲ್ಲೇ ಇತ್ತೇನೋ. ಫ್ರಾನ್ಸಿನ ಕ್ರಾಂತಿಕಾರರು ಹತ್ತು ದಿನದ ವಾರ ಇಟ್ಟುಕೊಂಡು ತಮ್ಮ ಕ್ಯಾಲೆಂಡರ್ ತಂದದ್ದು 1793ರಲ್ಲಿ. ಟಿಪ್ಪು ಅವರಿಗಿಂತ ಮುಂಚೆ. ಅವರದ್ದನ್ನ ನೆಪೋಲಿಯನ್ 1806ರ ಜನವರಿಗೆ ಕೈಬಿಟ್ಟ.

ಟಿಪ್ಪು ವಿಷಯ ಬಂದರೆ ನಮ್ಮಲ್ಲಿ ಜಗಳ ಗ್ಯಾರಂಟಿ. ಒಬ್ಬರಿಗೆ ಈ ಹೆಸರು ಬದಲಾವಣೆಯೇ ಮತಾಂಧತೆಗೆ ಸಾಕ್ಷಿ, ಇನ್ನೊಬ್ಬರಿಗೆ ಇದು ವೈಜ್ಞಾನಿಕ ಸುಧಾರಣೆ. ನನಗೆ ಎರಡೂ ಅರೆಬರೆ ಅನ್ನಿಸುತ್ತೆ. ಹೆಸರುಗಳನ್ನು ಅಳಿಸಿದ್ದು ನಿಜ, ಅದು ಸಣ್ಣ ವಿಷಯವಲ್ಲ. ಆದರೆ ಪ್ರವಾದಿಯ ಹೆಸರಿನ ಶಕೆಯ ಒಳಗೆ ಓಡುತ್ತಿದ್ದ ಯಂತ್ರ ನಮ್ಮ ಜೋಯಿಸರ ಯುಗಾದಿ ಪಂಚಾಂಗದ್ದೇ. ಹಿಜರಿಯನ್ನು ಬಿಟ್ಟವನೂ ಅವನೇ. ಇದರಲ್ಲಿ ಧರ್ಮಕ್ಕಿಂತ ಕಂದಾಯ ಮತ್ತು ತನ್ನದೇ ಗುರುತು ಒತ್ತುವ ಹಠ ಜಾಸ್ತಿ ಕೆಲಸ ಮಾಡಿದೆ ಅಂತ ನನ್ನ ಊಹೆ.

1791ರ ಮೊದಲಲ್ಲಿ ಕಾರ್ನ್‌ವಾಲಿಸನ ಸೈನ್ಯ ಮುಳಬಾಗಿಲು, ಕೋಲಾರ, ಹೊಸಕೋಟೆ ದಾಟಿ ಬಂದು ಮಾರ್ಚ್ 21ರಂದು ಬೆಂಗಳೂರು ಕೋಟೆ ಹಿಡೀತು. ಟಿಪ್ಪು ಲೆಕ್ಕದಲ್ಲಿ ಅದು 'ಶಿತಾ', ಚಳಿಗಾಲ ಅಂತ ಹೆಸರಿನ ವರ್ಷ. 1798ರ ಕಾಳಯುಕ್ತಿ 'ಶಾದಾಬ್', ಹಚ್ಚಹಸಿರು. ಅದು ಮುಗಿದು ಯುಗಾದಿ ಕಳೆದ ಸ್ವಲ್ಪ ದಿನಕ್ಕೆ, 1799ರ ಮೇ 4ರಂದು, ಶ್ರೀರಂಗಪಟ್ಟಣದಲ್ಲಿ ಟಿಪ್ಪು ಸತ್ತ. ಜೂನ್ 30ಕ್ಕೆ ಮುಮ್ಮಡಿ ಕೃಷ್ಣರಾಜ ಒಡೆಯರ್ ಪಟ್ಟಕ್ಕೆ ಬಂದರು, ಟಿಪ್ಪುವಿನ ಮಂತ್ರಿಯಾಗಿದ್ದ ಪೂರ್ಣಯ್ಯನವರೇ ದಿವಾನರು. ಮೌಲೂದಿ ಸದ್ದಿಲ್ಲದೆ ಹೋಯ್ತು. 1811ರಲ್ಲಿ ಟಿಪ್ಪುವಿನ ಪತ್ರಗಳನ್ನು ಇಂಗ್ಲಿಷಿಗೆ ತಂದ ಕರ್ಕ್‌ಪ್ಯಾಟ್ರಿಕ್, ಈ ತಿಂಗಳು ವರ್ಷಗಳ ಲೆಕ್ಕವನ್ನು ಓದುಗರಿಗೆ ಬೇರೆಯಾಗೇ ಬಿಡಿಸಿ ಹೇಳಬೇಕಾಯ್ತು. ಹಳ್ಳಿಯಲ್ಲಿ ಮಾತ್ರ ಪ್ಲವಂಗ, ಕೀಲಕ ಅಂತ ಎಣಿಸುತ್ತಲೇ ಇದ್ದರು.

ಲೆಕ್ಕ ಇಷ್ಟವಿರುವವರಿಗೆ ಒಂದು ಸೂತ್ರ: ಯುಗಾದಿ ಬರುವ ಇಸವಿಯಿಂದ 1747 ಕಳೆಯಿರಿ, 60ರಿಂದ ಭಾಗಿಸಿ, ಶೇಷಕ್ಕೆ 1 ಸೇರಿಸಿ. 2027ಕ್ಕೆ ಹಾಕಿದರೆ 41 ಬರುತ್ತೆ. ನಮ್ಮ ಲೆಕ್ಕದಲ್ಲಿ ಪ್ಲವಂಗ, ಅವನ ಲೆಕ್ಕದಲ್ಲಿ ಮತ್ತೆ 'ಶಾ'.