ಡಿಮೀಟರ್

ಡಿಮೀಟರ್ ಪ್ರಾಚೀನ ಗ್ರೀಕ್ ಪುರಾಣಗಳಲ್ಲಿ ಧಾನ್ಯ, ಬೇಸಾಯ ಮತ್ತು ಭೂಮಿಯ ಫಲವತ್ತತೆಯ ಅಧಿದೇವತೆ. ಕ್ರೋನಸ್ ಮತ್ತು ರಿಯಾ ದಂಪತಿಗಳ ಮಗಳು. ಜ್ಯೂಸ್, ಪೊಸೈಡನ್, ಹೇಡಿಸ್, ಹೀರಾ ಮತ್ತು ಹೆಸ್ಟಿಯಾ ಇವಳ ಒಡಹುಟ್ಟಿದವರು. ಜ್ಯೂಸನಿಂದ ಇವಳಿಗೆ ಜನಿಸಿದ ಮಗಳು ಪರ್ಸೆಫೊನಿ. ಈ ಮಗಳನ್ನು ಕಳೆದುಕೊಂಡು ಮರಳಿ ಪಡೆದ ಕಥೆಯೇ ಡಿಮೀಟರಳ ಆರಾಧನೆಯ ಕೇಂದ್ರ. ರೋಮನ್ನರು ಇವಳನ್ನು ತಮ್ಮ ಸಿರಿಸ್ ದೇವತೆಯೊಂದಿಗೆ ಒಂದಾಗಿಸಿದರು.

ಹೆಸರಿನ ಉತ್ತರಾರ್ಧವಾದ 'ಮೀಟರ್' ಎಂಬುದಕ್ಕೆ ಗ್ರೀಕ್ ಭಾಷೆಯಲ್ಲಿ ತಾಯಿ ಎಂದರ್ಥ; ಸಂಸ್ಕೃತದ 'ಮಾತೃ' ಶಬ್ದಕ್ಕೂ ಇದಕ್ಕೂ ಮೂಲ ಒಂದೇ. ಪೂರ್ವಾರ್ಧದ ಅರ್ಥದ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ. ಭೂಮಿ ಎಂದು ಕೆಲವರು, ಧಾನ್ಯ ಎಂದು ಕೆಲವರು ಹೇಳುತ್ತಾರೆ.

== ಪರ್ಸೆಫೊನಿಯ ಅಪಹರಣ ==

ಈ ಕಥೆಯ ಅತ್ಯಂತ ವಿಸ್ತಾರವಾದ ಪ್ರಾಚೀನ ರೂಪವಿರುವುದು ಹೋಮರನ ಹೆಸರಿನಲ್ಲಿ ಪ್ರಚಲಿತವಾಗಿರುವ ಸ್ತೋತ್ರಗಳ ಪೈಕಿ ಡಿಮೀಟರಳನ್ನು ಕುರಿತ ಸ್ತೋತ್ರದಲ್ಲಿ. ಇದು ಹೋಮರನ ಕೃತಿಯಲ್ಲ. ಶತಮಾನಗಳ ಕಾಲ ಕಣ್ಮರೆಯಾಗಿದ್ದ ಇದರ ಹಸ್ತಪ್ರತಿ 1777ರಲ್ಲಿ ಮಾಸ್ಕೋದಲ್ಲಿ ಪತ್ತೆಯಾಯಿತು.

ಪರ್ಸೆಫೊನಿ ಗೆಳತಿಯರೊಡನೆ ಹುಲ್ಲುಗಾವಲಿನಲ್ಲಿ ಹೂ ಕೊಯ್ಯುತ್ತಿರುತ್ತಾಳೆ. ಅಪೂರ್ವವಾದ ನಾರ್ಸಿಸಸ್ ಹೂವೊಂದಕ್ಕೆ ಕೈ ಚಾಚಿದಾಗ ನೆಲ ಬಾಯ್ದೆರೆಯುತ್ತದೆ. ಪಾತಾಳದ ಒಡೆಯ ಹೇಡಿಸ್ ರಥದಲ್ಲಿ ಬಂದು ಅವಳನ್ನು ಹೊತ್ತೊಯ್ಯುತ್ತಾನೆ. ಇದಕ್ಕೆ ತಂದೆ ಜ್ಯೂಸನ ಒಪ್ಪಿಗೆಯಿತ್ತು. ತಾಯಿಯನ್ನಾಗಲಿ ಮಗಳನ್ನಾಗಲಿ ಯಾರೂ ಕೇಳಿರಲಿಲ್ಲ. ಸ್ತೋತ್ರಕಾರನು ಇದನ್ನು ಮರೆಮಾಚದೆ ಹೇಳಿರುವುದು ಗಮನಾರ್ಹ. ಕೂಗು ಕೇಳಿದ ಡಿಮೀಟರ್ ಪಂಜುಗಳನ್ನು ಹಿಡಿದು, ಆಹಾರವನ್ನೂ ಸ್ನಾನವನ್ನೂ ತೊರೆದು ಒಂಬತ್ತು ದಿನ ಅಲೆಯುತ್ತಾಳೆ. ಹತ್ತನೆಯ ದಿನ ಹೆಕಟಿ ದೇವತೆ ಅವಳನ್ನು ಕೂಡಿಕೊಳ್ಳುತ್ತಾಳೆ. ಎಲ್ಲವನ್ನೂ ಕಂಡಿದ್ದ ಸೂರ್ಯದೇವ ಹೀಲಿಯಾಸ್ ಸತ್ಯವನ್ನು ತಿಳಿಸುತ್ತಾನೆ. ಹೇಡಿಸ್ ಯೋಗ್ಯ ವರನೇ ಎಂದು ಸಮಾಧಾನವನ್ನೂ ಹೇಳುತ್ತಾನೆ. ಆ ಸಮಾಧಾನ ಅವಳಿಗೆ ಬೇಕಿಲ್ಲ.

ದೇವಲೋಕವನ್ನು ತೊರೆದ ಡಿಮೀಟರ್ ಮುದುಕಿಯ ವೇಷದಲ್ಲಿ ಎಲ್ಯೂಸಿಸ್ ಎಂಬ ಊರಿಗೆ ಬಂದು ಬಾವಿಯ ಬಳಿ ಕುಳಿತುಕೊಳ್ಳುತ್ತಾಳೆ. ನೀರಿಗೆ ಬಂದ ಅಲ್ಲಿನ ಅರಸ ಕೆಲಿಯಸನ ಹೆಣ್ಣುಮಕ್ಕಳು ಅವಳನ್ನು ಮನೆಗೆ ಕರೆದೊಯ್ಯುತ್ತಾರೆ. ಮಾತಿಲ್ಲದೆ, ನಗುವಿಲ್ಲದೆ ಕುಳಿತವಳನ್ನು ಇಯಾಂಬೆ ಎಂಬ ಸೇವಕಿ ಹಾಸ್ಯದ ಮಾತುಗಳಿಂದ ನಗಿಸುತ್ತಾಳೆ. ದ್ರಾಕ್ಷಾರಸವನ್ನು ನಿರಾಕರಿಸಿ, ಜವೆಗೋಧಿಯ ಹಿಟ್ಟು, ನೀರು ಮತ್ತು ಪುದೀನ ಜಾತಿಯ ಸೊಪ್ಪು ಬೆರೆಸಿದ ಪಾನೀಯವನ್ನು ಅವಳು ಕೇಳಿ ಪಡೆಯುತ್ತಾಳೆ. ರಾಣಿ ಮೆಟನೈರಾ ತನ್ನ ಹಸುಗೂಸು ಡೆಮೊಫೂನನನ್ನು ಸಾಕಲು ಅವಳಿಗೆ ಒಪ್ಪಿಸುತ್ತಾಳೆ. ಮಗುವನ್ನು ಅಮರನನ್ನಾಗಿಸಲೆಂದು ದೇವಿ ರಾತ್ರಿಯ ಹೊತ್ತು ಅದನ್ನು ಬೆಂಕಿಯಲ್ಲಿಡುತ್ತಿದ್ದಳು. ಒಂದು ರಾತ್ರಿ ಇದನ್ನು ಕಂಡ ತಾಯಿ ಚೀರಿದಳು. ಕ್ರುದ್ಧಳಾದ ದೇವಿ ಮಗುವನ್ನು ಕೆಳಗಿಳಿಸಿ, ನಿಜರೂಪ ತೋರಿ, ತನಗೊಂದು ದೇವಾಲಯ ಕಟ್ಟಬೇಕೆಂದು ಆಜ್ಞಾಪಿಸಿದಳು. ತನ್ನ ಮಗುವನ್ನು ಸಾವಿನ ಲೋಕಕ್ಕೆ ಕಳೆದುಕೊಂಡವಳು ಇನ್ನೊಬ್ಬಳ ಮಗುವನ್ನು ಸಾವಿನಿಂದ ಬಿಡಿಸಲು ಯತ್ನಿಸಿ ವಿಫಲಳಾಗುವ ಈ ಉಪಕಥೆ ಸಂಕ್ಷಿಪ್ತ ನಿರೂಪಣೆಗಳಲ್ಲಿ ಸಾಮಾನ್ಯವಾಗಿ ಬಿಟ್ಟುಹೋಗುತ್ತದೆ.

ಆ ದೇವಾಲಯದಲ್ಲಿ ಕುಳಿತ ಡಿಮೀಟರ್ ಒಂದು ವರ್ಷ ಬೀಜ ಮೊಳೆಯದಂತೆ ತಡೆದಳು. ಎತ್ತುಗಳು ವ್ಯರ್ಥವಾಗಿ ನೇಗಿಲೆಳೆದವು. ಮನುಷ್ಯಕುಲವೇ ಅಳಿದರೆ ದೇವತೆಗಳಿಗೆ ಹವಿಸ್ಸು ಸಲ್ಲಿಸುವವರಾರು? ಜ್ಯೂಸ್ ಒಬ್ಬೊಬ್ಬ ದೇವತೆಯನ್ನೇ ಕಳುಹಿಸಿ ಬೇಡಿಕೊಂಡರೂ ಅವಳು ಮಣಿಯಲಿಲ್ಲ. ಕೊನೆಗೆ ಹರ್ಮಿಸ್ ಪಾತಾಳಕ್ಕಿಳಿದು ಪರ್ಸೆಫೊನಿಯನ್ನು ಕರೆತಂದ. ಆದರೆ ಹೊರಡುವ ಮುನ್ನ ಹೇಡಿಸ್ ಅವಳಿಗೆ ದಾಳಿಂಬೆಯ ಕಾಳೊಂದನ್ನು ತಿನ್ನಿಸಿದ್ದ. ಪಾತಾಳದ ಆಹಾರವನ್ನು ಉಂಡ ಕಾರಣ ಅವಳು ವರ್ಷದ ಮೂರನೆಯ ಒಂದು ಭಾಗವನ್ನು ಅಲ್ಲಿಯೇ ಕಳೆಯಬೇಕಾಯಿತು. ರೋಮನ್ ಕವಿ ಓವಿಡನ 'ಮೆಟಮಾರ್ಫಸಿಸ್' ಕಾವ್ಯದಲ್ಲಿ ಕಾಳುಗಳು ಏಳು, ಅವಧಿ ಅರ್ಧ ವರ್ಷ.

ಮಗಳಿಲ್ಲದ ಈ ಅವಧಿಯನ್ನು ಚಳಿಗಾಲವೆಂದು ಅರ್ಥೈಸುವುದು ವಾಡಿಕೆ. ಆದರೆ ಗ್ರೀಸಿನಲ್ಲಿ ಬಿತ್ತನೆ ಶರತ್ಕಾಲದಲ್ಲಿ ನಡೆದು, ಚಳಿಗಾಲದುದ್ದಕ್ಕೂ ಪೈರು ಹಸಿರಾಗಿರುತ್ತದೆ. ಹೊಲಗಳು ಬರಿದಾಗುವುದು ಬೇಸಿಗೆಯಲ್ಲಿ. ಆದ್ದರಿಂದ, ಸುಗ್ಗಿಯ ನಂತರ ಬೀಜವನ್ನು ನೆಲದೊಳಗಿನ ಕಣಜಗಳಲ್ಲಿ ಕೂಡಿಡುವ ಬಿರುಬೇಸಿಗೆಯೇ ಪರ್ಸೆಫೊನಿಯ ಪಾತಾಳವಾಸ ಎಂಬ ಮತವೂ ಇದೆ. ಆದರೂ ಅವಳು ವಸಂತದ ಹೂಗಳೊಡನೆ ಮರಳುತ್ತಾಳೆಂದು ಸ್ತೋತ್ರವೇ ಹೇಳುವುದರಿಂದ ಈ ಮತವನ್ನು ಪೂರ್ಣವಾಗಿ ಒಪ್ಪುವುದು ಕಷ್ಟ.

== ಆರಾಧನೆ ==

ಅಥೆನ್ಸಿನಿಂದ ಸುಮಾರು 20 ಕಿ.ಮೀ. ದೂರದ ಎಲ್ಯೂಸಿಸ್‌ನಲ್ಲಿ ಪ್ರತಿ ವರ್ಷ ತಾಯಿ-ಮಗಳ ಹೆಸರಿನಲ್ಲಿ ರಹಸ್ಯ ದೀಕ್ಷಾವಿಧಿಗಳು ನಡೆಯುತ್ತಿದ್ದವು. ಗ್ರೀಕ್ ಭಾಷೆ ಬಲ್ಲ, ಕೊಲೆಯ ಕಳಂಕವಿಲ್ಲದ ಯಾರೇ ಆಗಲಿ, ಸ್ತ್ರೀಯರೂ ಗುಲಾಮರೂ ಸೇರಿದಂತೆ, ದೀಕ್ಷೆಗೆ ಅರ್ಹರು. ಅಲ್ಲಿ ಕಂಡದ್ದನ್ನು ಹೊರಗೆ ಹೇಳುವುದು ಮರಣದಂಡನೆಗೆ ಅರ್ಹವಾದ ಅಪರಾಧವಾಗಿತ್ತು. ಕ್ರಿ.ಪೂ. 415ರಲ್ಲಿ ಸೇನಾನಿ ಆಲ್ಸಿಬಯಾಡಿಸ್ ಈ ವಿಧಿಗಳನ್ನು ಅಣಕಿಸಿದನೆಂಬ ಆರೋಪಕ್ಕೆ ಗುರಿಯಾದನು. ಗುಟ್ಟನ್ನು ಜನ ಎಷ್ಟು ನಿಷ್ಠೆಯಿಂದ ಕಾಪಾಡಿದರೆಂದರೆ ಒಳಗೆ ನಡೆಯುತ್ತಿದ್ದುದು ಇಂದಿಗೂ ಊಹೆಯ ವಿಷಯವೇ. ಕ್ರಿ.ಶ. ನಾಲ್ಕನೆಯ ಶತಮಾನದ ಕೊನೆಯಲ್ಲಿ ಚಕ್ರವರ್ತಿ ಥಿಯೊಡೋಸಿಯಸನ ನಿಷೇಧದಿಂದಲೂ, 396ರಲ್ಲಿ ಅಲಾರಿಕನ ನೇತೃತ್ವದ ಗಾಥರ ದಾಳಿಯಿಂದಲೂ ಈ ಪರಂಪರೆ ಕೊನೆಗೊಂಡಿತು.

ವಿವಾಹಿತ ಸ್ತ್ರೀಯರು ಮಾತ್ರ ಆಚರಿಸುತ್ತಿದ್ದ ಥೆಸ್ಮೊಫೋರಿಯಾ ಎಂಬ ಹಬ್ಬವೂ ಡಿಮೀಟರಳಿಗೆ ಮೀಸಲಾಗಿತ್ತು.

== ಎಲ್ಯೂಸಿಸ್‌ನ ವಿಗ್ರಹ ==

ನಿಷೇಧದ ಬಳಿಕವೂ ಭಕ್ತಿ ಪೂರ್ತಿ ಅಳಿಯಲಿಲ್ಲ. ಎಲ್ಯೂಸಿಸ್‌ನಲ್ಲಿ ಗೊಬ್ಬರದ ರಾಶಿಯಲ್ಲಿ ಕುತ್ತಿಗೆಯವರೆಗೆ ಹೂತಿದ್ದ ಬೃಹತ್ ಸ್ತ್ರೀವಿಗ್ರಹವೊಂದನ್ನು ಕ್ರೈಸ್ತರಾಗಿದ್ದ ಹಳ್ಳಿಗರು ತಮ್ಮ ಬೆಳೆಯ ರಕ್ಷಕಿಯೆಂದು ಗೌರವಿಸುತ್ತಿದ್ದರು. 1801ರಲ್ಲಿ ಎಡ್ವರ್ಡ್ ಡೇನಿಯಲ್ ಕ್ಲಾರ್ಕ್ ಎಂಬ ಇಂಗ್ಲಿಷ್ ಪ್ರವಾಸಿ ತುರ್ಕಿ ಅಧಿಕಾರಿಯ ಅನುಮತಿ ಪಡೆದು, ಊರವರ ವಿರೋಧದ ನಡುವೆ ಅದನ್ನು ಸಾಗಿಸಿದನು. ವಿಗ್ರಹ ಹೋದರೆ ಬೆಳೆ ಹೋಗುತ್ತದೆಂದು ಅವರು ಅಂಜಿದ್ದರು. ಅದನ್ನು ಹೊತ್ತ ಹಡಗು ಇಂಗ್ಲೆಂಡಿನ ಬೀಚಿ ಹೆಡ್ ಬಳಿ ಒಡೆಯಿತಾದರೂ ವಿಗ್ರಹ ಉಳಿದು ಕೇಂಬ್ರಿಜ್ ಸೇರಿತು. ಕ್ಲಾರ್ಕ್ ಇದನ್ನು ಡಿಮೀಟರಳೆಂದೇ ನಂಬಿದ್ದನು. ಆದರೆ ಇದು ದೇವಿಯ ವಿಗ್ರಹವಲ್ಲ, ಕ್ರಿ.ಪೂ. ಒಂದನೆಯ ಶತಮಾನದಲ್ಲಿ ಕಟ್ಟಿದ ಒಳದ್ವಾರದ, ತಲೆಯ ಮೇಲೆ ಪವಿತ್ರ ಪೆಟ್ಟಿಗೆ ಹೊತ್ತ ಎರಡು ಸ್ತ್ರೀಸ್ತಂಭಗಳಲ್ಲಿ ಒಂದು ಎಂಬುದು ಮುಂದೆ ಸ್ಪಷ್ಟವಾಯಿತು. ಅದು ಈಗ ಕೇಂಬ್ರಿಜ್‌ನ ಫಿಟ್ಸ್‌ವಿಲಿಯಂ ವಸ್ತುಸಂಗ್ರಹಾಲಯದಲ್ಲಿದೆ. ಅದರ ಜೋಡಿ ಎಲ್ಯೂಸಿಸ್‌ನ ವಸ್ತುಸಂಗ್ರಹಾಲಯದಲ್ಲಿದೆ.